ಬಿಗ್ ಬ್ಯಾಂಡ್ ಕಿರುಚಿತ್ರಗಳು ಮತ್ತು ಅವುಗಳ ವೆರೈಟಿ ಕಲಾವಿದರು: ಪದೇ ಪದೇ ಕೇಳುವ ಪ್ರಶ್ನೆಗಳು

ಅಮೆರಿಕದ ಹಳೆಯ ಜಾಝ್ ಕಲಾವಿದರಾದ ಡ್ಯೂಕ್ ಎಲಿಂಗ್ಟನ್, ಕ್ಯಾಬ್ ಕ್ಯಾಲೊವೇ, ಬೆಸ್ಸಿ ಸ್ಮಿತ್ ಇವರ ಹಾಡುಗಳನ್ನು ಪ್ರೀತಿಯಿಂದ ಕೇಳುವವರು ನಮ್ಮ ನಡುವೆ ಇದ್ದಾರೆ. ಆದರೆ ಅವರನ್ನು ಕಣ್ಣಾರೆ ನೋಡಬಹುದು, ಅದೂ ಅವರ ಏರುಗಾಲದ ದಿನಗಳಲ್ಲೇ, ಅನ್ನೋದು ತುಂಬಾ ಜನಕ್ಕೆ ಗೊತ್ತಿಲ್ಲ. ಅಮೆರಿಕದಲ್ಲಿ ಮೂವತ್ತು ವರ್ಷದಷ್ಟು ಕಾಲ ತಯಾರಾದ ಈ ಸಂಗೀತದ ಕಿರುಚಿತ್ರಗಳ ಬಗ್ಗೆ ಸ್ನೇಹಿತರು ನನ್ನನ್ನು ಕೇಳುತ್ತಲೇ ಇರುತ್ತಾರೆ. ಮತ್ತೆ ಮತ್ತೆ ಬರುವ ಪ್ರಶ್ನೆಗಳನ್ನು ಇಲ್ಲಿ ಒಂದು ಕಡೆ ಇಟ್ಟಿದ್ದೇನೆ.

ಬಿಗ್ ಬ್ಯಾಂಡ್ ಕಿರುಚಿತ್ರ ಅಂದರೇನು?

ಹಿಂದೆ ನಮ್ಮ ಟಾಕೀಸುಗಳಲ್ಲಿ ಮುಖ್ಯ ಚಿತ್ರಕ್ಕೆ ಮೊದಲು ಸರ್ಕಾರದ ನ್ಯೂಸ್ ರೀಲ್ ಹಾಕುತ್ತಿದ್ದರಲ್ಲ, ಅದನ್ನು ನೆನಪಿಸಿಕೊಳ್ಳಿ. ಅಮೆರಿಕದ ಚಿತ್ರಮಂದಿರಗಳಲ್ಲೂ ಒಂದು ಟಿಕೆಟ್ಟಿಗೆ ಇಂಥ ಹಲವು ಸಣ್ಣ ಸಣ್ಣ ಐಟಂಗಳು ಸಿಗುತ್ತಿದ್ದವು. ಒಂದು ನ್ಯೂಸ್ ರೀಲ್, ಒಂದು ಕಾರ್ಟೂನ್, ಒಂದು ಕಾಮಿಡಿ, ಜೊತೆಗೆ ಒಂದು ಸಂಗೀತದ ಚಿತ್ರ. ಆ ಸಂಗೀತದ ಚಿತ್ರದಲ್ಲಿ ಯಾವುದಾದರೂ ಹೆಸರಾಂತ ಡ್ಯಾನ್ಸ್ ಬ್ಯಾಂಡ್ ಮೂರ್ನಾಲ್ಕು ಹಾಡು ನುಡಿಸುತ್ತಿತ್ತು. ನಡುವೆ ಒಬ್ಬ ಗಾಯಕಿ, ಇಬ್ಬರು ಡ್ಯಾನ್ಸರ್‌ಗಳು, ಒಬ್ಬ ಮಾತಿನ ಮಲ್ಲ ಬಂದು ಹೋಗುತ್ತಿದ್ದರು. ವಾರ್ನರ್ ಬ್ರದರ್ಸ್, ಪ್ಯಾರಾಮೌಂಟ್, ಯೂನಿವರ್ಸಲ್, ಆರ್‌ಕೆಒ ಎಲ್ಲರೂ ಇಂಥವನ್ನು ಮಾಡಿದರು. ವಾರ್ನರ್‌ನವರ 'ಮೆಲೊಡಿ ಮಾಸ್ಟರ್ಸ್' ಸರಣಿ 1931ರಿಂದ 1946ರವರೆಗೆ ನಡೆಯಿತು.

ಇವನ್ನು ಮಾಡಿದ್ದು ಶೋದಲ್ಲಿ ಜಾಗ ತುಂಬಿಸೋಕೆ. ಒಂದು ವಾರ ಓಡಿಸಿ ಮರೆತುಬಿಡುವ ಸಾಮಾನು ಅಂತಲೇ ಸ್ಟುಡಿಯೋದವರು ಲೆಕ್ಕ ಹಾಕಿದ್ದರು. ಇವತ್ತು ಆ ಕಾಲದ ಎಷ್ಟೋ ಕಲಾವಿದರನ್ನು ನೋಡಬೇಕು ಅಂದರೆ ನಮಗೆ ಇರುವ ದಾರಿ ಇವೇ.

ಒಂದು ಬಿಗ್ ಬ್ಯಾಂಡ್‌ನಲ್ಲಿ ಎಷ್ಟು ಜನ ಇರುತ್ತಾರೆ?

ಹದಿನಾಲ್ಕರಿಂದ ಹದಿನೇಳು ಜನ. ನಾಲ್ಕೈದು ಸ್ಯಾಕ್ಸೋಫೋನ್, ಮೂರ್ನಾಲ್ಕು ಟ್ರಂಪೆಟ್, ಎರಡು ಮೂರು ಟ್ರಾಂಬೋನ್. ತಾಳಕ್ಕೆ ಪಿಯಾನೋ, ಗಿಟಾರ್, ಬಾಸ್, ಡ್ರಮ್ಸ್. ಮುಂದೆ ನಿಂತು ಕೋಲು ಆಡಿಸುವವನು, ಅಥವಾ ತಾನೇ ನುಡಿಸುವವನು, ಬ್ಯಾಂಡ್ ಲೀಡರ್. ಕದ್ರಿ ಗೋಪಾಲನಾಥರಿಂದಾಗಿ ಸ್ಯಾಕ್ಸೋಫೋನ್ ನಮಗೆ ಹೊಸದೇನಲ್ಲ. ಅವರದು ಒಂಟಿ ವಾದ್ಯ, ರಾಗದ ಹಾದಿ. ಇಲ್ಲಿ ಐದು ಸ್ಯಾಕ್ಸ್ ಒಟ್ಟಿಗೆ ಒಂದೇ ಉಸಿರಿನಲ್ಲಿ ಒಂದು ಸಾಲು ಹೇಳುತ್ತವೆ, ಎದುರಿನಿಂದ ಟ್ರಂಪೆಟ್‌ಗಳು ಜವಾಬು ಕೊಡುತ್ತವೆ. ಈ ಸವಾಲ್-ಜವಾಬೇ ಬಿಗ್ ಬ್ಯಾಂಡ್‌ನ ಜೀವ. ತೆರೆಯ ಮೇಲೆ ನೋಡುವಾಗ ಇದು ಇನ್ನೂ ಚೆನ್ನಾಗಿ ಅರ್ಥವಾಗುತ್ತೆ, ಯಾಕಂದರೆ ಜವಾಬು ಕೊಡುವ ಸಾಲಿನವರು ಎದ್ದು ನಿಲ್ಲುತ್ತಾರೆ.

ಹತ್ತು ನಿಮಿಷವೇ ಯಾಕೆ?

ಅದು ರೀಲಿನ ಅಳತೆ. 35 ಎಂಎಂ ಫಿಲ್ಮಿನ ಒಂದು ರೀಲು ಅಂದರೆ 1,000 ಅಡಿ. ಸೌಂಡ್ ಚಿತ್ರ ನಿಮಿಷಕ್ಕೆ 90 ಅಡಿ ಓಡುತ್ತೆ. ಹಾಗಾಗಿ ಒಂದು ರೀಲಿಗೆ ಸುಮಾರು 11 ನಿಮಿಷ. ಎರಡು ರೀಲಿನ ಚಿತ್ರಗಳೂ ಇದ್ದವು, ಅವು 15ರಿಂದ 20 ನಿಮಿಷ.

ಇದೆಲ್ಲ ಶುರುವಾಗಿದ್ದು ಯಾವಾಗ?

1923ರಲ್ಲೇ ಲೀ ಡಿ ಫಾರೆಸ್ಟ್ ಎಂಬ ತಂತ್ರಜ್ಞ ತನ್ನ ಫೋನೋಫಿಲ್ಮ್ ವಿಧಾನದಲ್ಲಿ ನೋಬಲ್ ಸಿಸಲ್ ಮತ್ತು ಯೂಬಿ ಬ್ಲೇಕ್ ಜೋಡಿಯ ಹಾಡನ್ನು ದನಿ ಸಮೇತ ಚಿತ್ರೀಕರಿಸಿದ್ದ. ಆದರೆ ದೊಡ್ಡ ಮಟ್ಟದಲ್ಲಿ ಗಾಳಿ ಬೀಸಿದ್ದು 1926ರ ಆಗಸ್ಟ್ 6ರಂದು. ಅವತ್ತು ವಾರ್ನರ್ ಬ್ರದರ್ಸ್ ನ್ಯೂಯಾರ್ಕಿನಲ್ಲಿ ವೈಟಾಫೋನ್ ಪದ್ಧತಿಯ ಮೊದಲ ಪ್ರದರ್ಶನ ಮಾಡಿತು.

ವೈಟಾಫೋನ್ ಹೇಗೆ ಕೆಲಸ ಮಾಡುತ್ತಿತ್ತು ಅನ್ನೋದನ್ನು ಸ್ವಲ್ಪ ಬಿಡಿಸಿ ಹೇಳಲೇಬೇಕು. ಚಿತ್ರ ಒಂದು ಕಡೆ, ದನಿ ಇನ್ನೊಂದು ಕಡೆ. ದನಿ ಇರುತ್ತಿದ್ದದ್ದು 16 ಇಂಚು ಅಗಲದ ಗ್ರಾಮೋಫೋನ್ ಪ್ಲೇಟಿನಲ್ಲಿ. ಸೂಜಿ ಒಳಗಿನಿಂದ ಶುರುವಾಗಿ ಹೊರಗೆ ಬರುತ್ತಿತ್ತು. ಪ್ರೊಜೆಕ್ಟರಿನ ಮೋಟಾರೇ ಪ್ಲೇಟನ್ನೂ ತಿರುಗಿಸುತ್ತಿತ್ತು. ಪ್ಲೇಟಿನ ಲೇಬಲ್ಲಿನ ಮೇಲೆ ಸಣ್ಣ ಸಣ್ಣ ಚೌಕಗಳು ಇರುತ್ತಿದ್ದವು. ಪ್ರತಿ ಸಲ ಹಾಕಿದಾಗ ಆಪರೇಟರ್ ಒಂದು ಚೌಕಕ್ಕೆ ಗುರುತು ಹಾಕಬೇಕು, ಇಪ್ಪತ್ತು ಸಲವಾದ ಮೇಲೆ ಪ್ಲೇಟು ಸವೆಯಿತು ಅಂತ ಬದಲಾಯಿಸಬೇಕು. ಫಿಲ್ಮು ನಡುವೆ ಹರಿದುಹೋದರೆ ಸುಮ್ನೆ ಅಂಟಿಸಿದರೆ ಆಗುತ್ತಿರಲಿಲ್ಲ. ಹೋದ ಫ್ರೇಮುಗಳಷ್ಟೇ ಖಾಲಿ ಫ್ರೇಮು ಸೇರಿಸಬೇಕಿತ್ತು. ಇಲ್ಲದಿದ್ದರೆ ಟ್ರಂಪೆಟ್ ಕೆಳಗಿಳಿಸಿದ ಮೇಲೂ ದನಿ ಬರುತ್ತಲೇ ಇರುತ್ತಿತ್ತು. ಕೆಲವೇ ವರ್ಷಗಳಲ್ಲಿ ದನಿ ಫಿಲ್ಮಿನ ಮೇಲೇ ಬಂತು, ಪ್ಲೇಟು ಹೋಯಿತು. ವೈಟಾಫೋನ್ ಅನ್ನುವ ಹೆಸರು ಮಾತ್ರ ವಾರ್ನರ್ ಕಿರುಚಿತ್ರಗಳ ಮೇಲೆ ಉಳಿದುಕೊಂಡಿತು. ಅವುಗಳಲ್ಲಿ ಬಹಳಷ್ಟು ತಯಾರಾದದ್ದು ಹಾಲಿವುಡ್ಡಿನಲ್ಲಿ ಅಲ್ಲ, ನ್ಯೂಯಾರ್ಕಿನ ಬ್ರೂಕ್ಲಿನ್‌ನಲ್ಲಿದ್ದ ಸ್ಟುಡಿಯೋದಲ್ಲಿ. ಕಲಾವಿದರು ರಾತ್ರಿ ಸ್ಟೇಜಿನ ಮೇಲೆ ಕುಣಿದು, ಹಗಲು ಕ್ಯಾಮೆರಾ ಮುಂದೆ ಬರಬಹುದಿತ್ತು.

ವೆರೈಟಿ ಕಲಾವಿದರು ಅಂದರೆ ಯಾರು? ಬ್ಯಾಂಡ್ ಚಿತ್ರದಲ್ಲಿ ಅವರಿಗೇನು ಕೆಲಸ?

ನನಗೆ ಅತಿ ಪ್ರಿಯವಾದ ಪ್ರಶ್ನೆ ಇದು. ಅಮೆರಿಕದಲ್ಲಿ ವಾಡ್ವಿಲ್ ಅನ್ನುವ ರಂಗಪದ್ಧತಿ ಇತ್ತು. ಕತೆ ಇಲ್ಲ, ನಾಟಕ ಇಲ್ಲ. ಒಂದಾದ ಮೇಲೊಂದು ಆಕ್ಟ್. ಹಾಡುವವರು, ಕುಣಿಯುವವರು, ಚೆಂಡು ಎಸೆದು ಹಿಡಿಯುವವರು, ಗೊಂಬೆ ಕೂರಿಸಿಕೊಂಡು ತುಟಿ ಅಲ್ಲಾಡಿಸದೆ ಮಾತಾಡುವವರು, ಸ್ಕೇಟಿಂಗ್ ಚಕ್ರದ ಮೇಲೆ ಗಿರಗಿರ ತಿರುಗುವವರು, ಬಾಯಿವಾದ್ಯದ ತಂಡಗಳು. ನಮ್ಮ ಕಂಪನಿ ನಾಟಕಗಳಲ್ಲಿ ಸೀನ್ ಬದಲಾಗುವ ಹೊತ್ತಿಗೆ ಪರದೆ ಮುಂದೆ ಹಾಸ್ಯಗಾರ ಬಂದು ಜನರನ್ನು ಹಿಡಿದಿಡುತ್ತಿದ್ದ, ಅಲ್ವಾ? ಅಂಥ ತುಣುಕುಗಳೇ ಇಡೀ ಸಂಜೆಯಾದರೆ ಹೇಗಿರುತ್ತೆ, ಹಾಗೆ.

ಒಂದು ಆಕ್ಟ್ ಸುಮಾರು ಹತ್ತು ನಿಮಿಷ. ಅದನ್ನು ಒಬ್ಬ ಕಲಾವಿದ ಊರೂರು ಸುತ್ತಿ ವರ್ಷಗಟ್ಟಲೆ ತಿದ್ದಿ ತೀಡಿರುತ್ತಿದ್ದ. ಯಾವ ಹೆಜ್ಜೆಗೆ ಚಪ್ಪಾಳೆ ಬೀಳುತ್ತೆ, ಎಲ್ಲಿ ಅರೆಕ್ಷಣ ನಿಂತರೆ ಜನ ನಗುತ್ತಾರೆ, ಎಲ್ಲ ಲೆಕ್ಕ. ಅದೇ ಅವನ ಆಸ್ತಿ, ಅದೇ ಹೊಟ್ಟೆಪಾಡು. ಆದರೆ ಅದನ್ನು ಒಂದು ಸಲ ಫಿಲ್ಮಿಗೆ ಕೊಟ್ಟರೆ ಇಡೀ ದೇಶ ಒಂದೇ ತಿಂಗಳಲ್ಲಿ ನೋಡಿಬಿಡುತ್ತಿತ್ತು. ಆಮೇಲೆ ಅದೇ ಆಕ್ಟನ್ನು ಯಾವ ಊರಿಗೆ ತೆಗೆದುಕೊಂಡು ಹೋಗೋದು? ಇಪ್ಪತ್ತು ವರ್ಷ ಬಾಳಬೇಕಾದದ್ದು ಹತ್ತು ನಿಮಿಷದಲ್ಲಿ ಖರ್ಚಾಗಿ ಹೋಗುತ್ತಿತ್ತು. ಅದೇ ಹೊತ್ತಿಗೆ ಟಾಕಿ ಚಿತ್ರಗಳಿಂದಾಗಿ ವಾಡ್ವಿಲ್ ಕೂಡ ಕುಸಿಯುತ್ತಿತ್ತು. ನ್ಯೂಯಾರ್ಕಿನ ಪ್ಯಾಲೇಸ್ ಥಿಯೇಟರ್ ಈ ಕಲಾವಿದರ ಪಾಲಿಗೆ ದೇವಸ್ಥಾನದ ಹಾಗಿತ್ತು. ಅದೂ 1932ರಲ್ಲಿ ಸಿನಿಮಾಕ್ಕೆ ತಿರುಗಿತು. ಕೆಲಸ ಕಸಿದುಕೊಂಡ ಸಿನಿಮಾವೇ ಅವರಿಗೆ ಎರಡು ದಿನದ ಕೂಲಿ ಕೊಟ್ಟು ಕರೆಯಿತು. ಈ ಚಿತ್ರಗಳನ್ನು ನೋಡುವಾಗ ನನಗೆ ಇದು ಮರೆಯೋದೇ ಇಲ್ಲ.

ನಿರ್ಮಾಪಕರಿಗೆ ಇವರು ಬೇಕಾಗಿದ್ದದ್ದು ಬೇರೆ ಕಾರಣಕ್ಕೆ. ಕುರ್ಚಿಯಲ್ಲಿ ಕೂತು ನುಡಿಸುವ ಹದಿನೈದು ಜನರನ್ನು ಹತ್ತು ನಿಮಿಷ ತೋರಿಸಿದರೆ ಕಣ್ಣಿಗೆ ಬೇಸರ. ಹಾಗಾಗಿ ನಡುವೆ ಒಂದು ಕುಣಿತ, ಒಂದು ತಮಾಷೆ ಸೇರಿಸಿದರು. ಸ್ಟೇಜಿನಲ್ಲೂ ಆಗ ಹಾಗೇ ನಡೆಯುತ್ತಿತ್ತು. ದೊಡ್ಡ ಚಿತ್ರಮಂದಿರಗಳಲ್ಲಿ ಸಿನಿಮಾ ಮುಗಿದ ಮೇಲೆ ಬ್ಯಾಂಡ್, ಬ್ಯಾಂಡಿನ ಜೊತೆ ಎರಡು ಮೂರು ಆಕ್ಟ್. 1937ರ ಮಾರ್ಚಿನಲ್ಲಿ ಬೆನ್ನಿ ಗುಡ್‌ಮನ್ ತಂಡ ನ್ಯೂಯಾರ್ಕಿನ ಪ್ಯಾರಾಮೌಂಟ್ ಥಿಯೇಟರಿನಲ್ಲಿ ನುಡಿಸಿದಾಗ ಹುಡುಗರು ಸೀಟು ಬಿಟ್ಟು ಕುರ್ಚಿ ಸಾಲಿನ ನಡುವೆಯೇ ಕುಣಿದರು. ಕಿರುಚಿತ್ರ ಅಂದರೆ ಅದೇ ಸ್ಟೇಜ್ ಶೋ, ಡಬ್ಬಿಯಲ್ಲಿ ತುಂಬಿ ಚಿಕ್ಕ ಊರುಗಳಿಗೆ ಕಳಿಸಿದ್ದು.

ಬ್ಯಾಂಡಿನವರ ಹಾಡುಗಳು ಗ್ರಾಮೋಫೋನ್ ಪ್ಲೇಟಿನಲ್ಲಿ ಉಳಿದವು. ಕುಣಿದವರದ್ದು, ಲಾಗ ಹಾಕಿದವರದ್ದು ಪ್ಲೇಟಿನಲ್ಲಿ ಹೇಗೆ ಉಳಿಯಬೇಕು? ಅದಕ್ಕೇ ಹೇಳೋದು, ಬ್ಯಾಂಡ್ ಲೀಡರನ್ನು ಒಂದು ಸಲ ನೋಡಿ, ಪಕ್ಕದಲ್ಲಿ ಬಂದು ಹೋಗುವವರನ್ನು ಎರಡು ಸಲ ನೋಡಿ.

ಟ್ಯಾಪ್ ಡ್ಯಾನ್ಸ್ ಬರೀ ಕಟಕಟ ಸದ್ದು ಅನಿಸುತ್ತೆ. ಅದನ್ನು ನೋಡೋದು ಹೇಗೆ?

ಕಚೇರಿಯಲ್ಲಿ ತನಿ ಆವರ್ತನ ಕೇಳ್ತೀರಲ್ಲ, ಹಾಗೆ ನೋಡಿ. ಟ್ಯಾಪ್ ಶೂಗಳ ತುದಿಗೊಂದು, ಹಿಮ್ಮಡಿಗೊಂದು ಲೋಹದ ತಗಡು. ತುದಿಯ ದನಿ ಬೇರೆ, ಹಿಮ್ಮಡಿಯ ದನಿ ಬೇರೆ. ಮೃದಂಗದ ಎಡ-ಬಲ ಇದ್ದ ಹಾಗೆ. ಹಿಮ್ಮಡಿಯ ಭಾರದ ಪೆಟ್ಟುಗಳನ್ನು ತಂದು ಈ ಕಲೆಯ ದಿಕ್ಕು ಬದಲಿಸಿದವರು ಜಾನ್ ಬಬಲ್ಸ್. ಒಂದು ಹಂತದಲ್ಲಿ ಬ್ಯಾಂಡ್ ಪೂರ್ತಿ ಸುಮ್ಮನಾಗಿ, ಸಾಲಿನ ಮೊದಲ ಪೆಟ್ಟನ್ನು ಮಾತ್ರ ಕೊಡುತ್ತೆ. ಉಳಿದ ಖಾಲಿ ಜಾಗವೆಲ್ಲ ಡ್ಯಾನ್ಸರನದ್ದು. ಆಗ ಕಣ್ಣು ಮುಚ್ಚಿ ಕೇಳಿ. ಆಮೇಲೆ ಅದೇ ತುಣುಕನ್ನು ದನಿ ಬಂದ್ ಮಾಡಿ ನೋಡಿ. ಪಾದ ಅಷ್ಟು ಕೆಲಸ ಮಾಡುತ್ತಿದ್ದರೂ ಮುಖದಲ್ಲಿ ಕಷ್ಟದ ಸುಳಿವೂ ಇರೋದಿಲ್ಲ.

ನಿಕೋಲಸ್ ಸಹೋದರರನ್ನು ನೋಡಿದರೆ ಇದು ಥಟ್ಟನೆ ಗೊತ್ತಾಗುತ್ತೆ. 1932ರ 'ಪೈ, ಪೈ ಬ್ಲ್ಯಾಕ್‌ಬರ್ಡ್' ಚಿತ್ರದಲ್ಲಿ ಅಣ್ಣ ಫಯಾರ್ಡ್‌ಗೆ 17, ತಮ್ಮ ಹೆರಾಲ್ಡ್‌ಗೆ 11. ಇವರು ಯಾವ ಗುರುವಿನ ಹತ್ತಿರವೂ ಕಲಿತವರಲ್ಲ. ಅಪ್ಪ ಅಮ್ಮ ಫಿಲಡೆಲ್ಫಿಯಾದ ಥಿಯೇಟರೊಂದರಲ್ಲಿ ವಾದ್ಯದವರು. ಫಯಾರ್ಡ್ ಮುಂದಿನ ಸೀಟಿನಲ್ಲಿ ಕೂತು ಬಂದು ಹೋಗುವ ಆಕ್ಟ್‌ಗಳನ್ನೆಲ್ಲ ನೋಡುತ್ತಾ ಬೆಳೆದ, ನೋಡಿದ್ದನ್ನು ತಮ್ಮನಿಗೆ ಹೇಳಿಕೊಟ್ಟ. ಅವರ ಕೈಗಳನ್ನು ಗಮನಿಸಿ. ಬಹಳ ಟ್ಯಾಪ್ ಡ್ಯಾನ್ಸರ್‌ಗಳ ಕೈ ಸುಮ್ಮನೆ ಜೋತಾಡುತ್ತಿರುತ್ತೆ. ಫಯಾರ್ಡ್‌ನ ಕೈಬೆರಳು ಕೂಡ ಹಾಡಿನ ಜೊತೆ ಮಾತಾಡುತ್ತೆ.

ಈ ಚಿತ್ರಗಳಲ್ಲಿ ಕಪ್ಪು ಕಲಾವಿದರನ್ನು ಕೀಳಾಗಿ ತೋರಿಸಿದ್ದಾರೆ ಅಂತಾರೆ. ನಿಜವಾ?

ನಿಜ. ಹಲವು ಚಿತ್ರಗಳಲ್ಲಿ ನೋಡಲು ನೋವಾಗುವ ಸಂಗತಿಗಳಿವೆ. 1932ರ 'ಎ ರ್‍ಯಾಪ್ಸಡಿ ಇನ್ ಬ್ಲ್ಯಾಕ್ ಅಂಡ್ ಬ್ಲೂ'ನಲ್ಲಿ ಲೂಯಿ ಆರ್ಮ್‌ಸ್ಟ್ರಾಂಗ್‌ಗೆ ಚಿರತೆ ಚರ್ಮದ ಬಟ್ಟೆ ತೊಡಿಸಿ, ಸೋಪಿನ ನೊರೆಗುಳ್ಳೆಗಳ ನಡುವೆ ನಿಲ್ಲಿಸಿದ್ದಾರೆ. ಕಾಡುಮನುಷ್ಯನ ವೇಷ. ಆದರೆ ಆ ಮನುಷ್ಯ ಟ್ರಂಪೆಟ್ ಎತ್ತಿದ ಕೂಡಲೇ ವೇಷ ಮರೆತುಹೋಗುತ್ತೆ. ಅವಮಾನ ಅವಮಾನವೇ, ಅದನ್ನು ಕಡಿಮೆ ಮಾಡಿ ಹೇಳೋದಿಲ್ಲ. ಆ ಅವಮಾನದ ಒಳಗೂ ಅವರು ಎಷ್ಟು ಎತ್ತರಕ್ಕೆ ನುಡಿಸಿದರು ಅನ್ನೋದನ್ನು ನೋಡದೆ ಇರಬೇಡಿ.

ಇದಕ್ಕೆ ಎದುರಾಗಿ ಎಲಿಂಗ್ಟನ್ ಅವರ ಚಿತ್ರಗಳನ್ನು ಇಟ್ಟು ನೋಡಿ. 1929ರ 'ಬ್ಲ್ಯಾಕ್ ಅಂಡ್ ಟ್ಯಾನ್' ಅವರ ಮೊದಲ ಚಿತ್ರ, 19 ನಿಮಿಷದ್ದು. ಅದರಲ್ಲಿ ಅವರು ದುಡ್ಡಿಲ್ಲದ ಸಂಗೀತ ಸಂಯೋಜಕ. ಸಾಲ ಕಟ್ಟದ ಪಿಯಾನೋ ಹೊತ್ತುಕೊಂಡು ಹೋಗಲು ಇಬ್ಬರು ಬರುತ್ತಾರೆ. ಡ್ಯಾನ್ಸರ್ ಫ್ರೆಡಿ ವಾಷಿಂಗ್ಟನ್ ಆ ಇಬ್ಬರಿಗೆ ಜಿನ್ ಬಾಟಲಿ ಕೊಟ್ಟು ವಾಪಸ್ ಕಳಿಸುತ್ತಾಳೆ. ಆ ಇಬ್ಬರ ತಮಾಷೆಯಲ್ಲಿ ಹಳೆಯ ಕೀಳು ಅಚ್ಚು ಇದೆ. ಎಲಿಂಗ್ಟನ್ ಮತ್ತು ಫ್ರೆಡಿಯ ನಡವಳಿಕೆಯಲ್ಲಿ ಅದರ ಸೋಂಕೂ ಇಲ್ಲ. ಮುಂದೆ ಕ್ಲಬ್ಬಿನ ದೃಶ್ಯ. ಕನ್ನಡಿಯಂತೆ ಹೊಳೆಯುವ ನೆಲ. ಐದು ಜನ ಒಬ್ಬರ ಹಿಂದೆ ಒಬ್ಬರು ಮೈಗೆ ಮೈ ತಾಗುವಷ್ಟು ಹತ್ತಿರ ನಿಂತು ಒಂದೇ ಹೆಜ್ಜೆ ಹಾಕುತ್ತಾರೆ. ಕೆಳಗಿನ ನೆಲದಲ್ಲಿ ಇನ್ನೂ ಐದು ಜನ ತಲೆಕೆಳಗಾಗಿ ಕುಣಿಯುತ್ತಾರೆ. ಹೃದಯದ ಕಾಯಿಲೆ ಇರುವ ಫ್ರೆಡಿಗೆ ತಲೆ ಸುತ್ತಿದಾಗ ಚಿತ್ರವೇ ಒಡೆದು ಹಲವು ಚೂರಾಗುತ್ತೆ. 1929ರಲ್ಲಿ ಇಷ್ಟು ಧೈರ್ಯದ ಕ್ಯಾಮೆರಾ ಕೆಲಸ ಕಡಿಮೆ.

1935ರ 'ಸಿಂಫನಿ ಇನ್ ಬ್ಲ್ಯಾಕ್' ಇನ್ನೂ ಒಂದು ಹೆಜ್ಜೆ ಮುಂದೆ. ಕೆಲಸಗಾರರು, ಪ್ರೀತಿ, ಶೋಕ, ನ್ಯೂಯಾರ್ಕಿನ ಕಪ್ಪು ಜನರ ಬಡಾವಣೆ ಹಾರ್ಲೆಮ್‌ನ ರಾತ್ರಿ, ಹೀಗೆ ಕಪ್ಪು ಜನರ ಬದುಕಿನ ತುಣುಕುಗಳನ್ನು ಎಲಿಂಗ್ಟನ್ ಸಂಗೀತವಾಗಿ ಬರೆಯುವುದೇ ಕತೆ. ಬ್ಯಾಂಡಿನವರು ಸಂಗೀತ ಕಚೇರಿಯ ಉಡುಪಿನಲ್ಲಿ ಗಂಭೀರವಾಗಿ ಕೂತಿದ್ದಾರೆ. ಇದರಲ್ಲಿ ಗಂಡಸೊಬ್ಬ ತಳ್ಳಿ ಬೀಳಿಸಿದ ಹುಡುಗಿಯೊಬ್ಬಳು ನೆಲದಿಂದಲೇ ಹಾಡಲು ಶುರು ಮಾಡುತ್ತಾಳೆ. ಅವಳೇ ಮುಂದೆ ದೊಡ್ಡ ಜಾಝ್ ಗಾಯಕಿಯಾದ ಬಿಲ್ಲಿ ಹಾಲಿಡೇ, ತೆರೆಯ ಮೇಲೆ ಕತೆಯ ಪಾತ್ರವಾಗಿ ಮೊದಲ ಸಲ. ಆಗಿನ್ನೂ ಇಪ್ಪತ್ತರ ಆಸುಪಾಸು. ಹಾಡಿರುವುದು ಒಂದೇ ಒಂದು ಚರಣ. ಎಷ್ಟು ಸಲ ನೋಡಿದರೂ ನನಗೆ ಗಂಟಲು ಕಟ್ಟುತ್ತೆ. ಹಾವಿನ ಹಾಗೆ ಸೊಂಟ ತಿರುಗಿಸುವ ಅರ್ಲ್ ಟಕರ್ ಕೂಡ ಇದೇ ಚಿತ್ರದಲ್ಲಿದ್ದಾರೆ. 'ಸ್ನೇಕ್‌ಹಿಪ್ಸ್' ಅಂತಲೇ ಅವರ ಹೆಸರು.

ಬಿಳಿಯರೂ ಕಪ್ಪು ಜನರೂ ಒಟ್ಟಿಗೆ ನುಡಿಸುವುದನ್ನು ತೋರಿಸಿದರೆ ದಕ್ಷಿಣದ ರಾಜ್ಯಗಳಲ್ಲಿ ಚಿತ್ರ ಓಡುವುದಿಲ್ಲ ಅನ್ನುವ ಭಯ ಸ್ಟುಡಿಯೋಗಳಿಗಿತ್ತು. 1944ರ 'ಜ್ಯಾಮಿನ್ ದ ಬ್ಲೂಸ್' ಚಿತ್ರದಲ್ಲಿ ಗಿಟಾರ್ ನುಡಿಸಿದ ಬಾರ್ನಿ ಕೆಸಲ್ ಒಬ್ಬರೇ ಬಿಳಿಯರು. ಅವರನ್ನು ನೆರಳಿನಲ್ಲಿ ಕೂರಿಸಿದರು. ಕೈ ಹತ್ತಿರದಿಂದ ಕಾಣುವ ಕಡೆ ಬೆರ್ರಿ ಹಣ್ಣಿನ ರಸ ಹಚ್ಚಿ ಬಣ್ಣ ಕಪ್ಪಾಗಿಸಿದರು. ಇಷ್ಟು ಸುಂದರವಾದ ಚಿತ್ರದ ಒಳಗೆ ಈ ಸಂಗತಿ ಅಡಗಿದೆ. ಒಮ್ಮೆ ಗೊತ್ತಾದ ಮೇಲೆ ಆ ಬೆರಳುಗಳ ಮೇಲಿಂದ ಕಣ್ಣು ತೆಗೆಯೋಕೆ ಆಗೋದಿಲ್ಲ.

ಹೆಂಗಸರ ಬ್ಯಾಂಡ್‌ಗಳು ಇದ್ದವಾ?

ಇದ್ದವು, ಚೆನ್ನಾಗಿಯೇ ಇದ್ದವು. ಐನಾ ರೇ ಹಟನ್ ಮತ್ತು ಅವರ 'ಮೆಲೊಡಿಯರ್ಸ್' ತಂಡ 1930ರ ದಶಕದಲ್ಲಿ ಪ್ಯಾರಾಮೌಂಟ್‌ಗೆ ಹಲವು ಕಿರುಚಿತ್ರ ಮಾಡಿತು. ಐನಾ ಮಿನುಗುವ ಉದ್ದ ಗೌನ್ ಹಾಕಿ, ಮೈಯೆಲ್ಲ ಕುಣಿಸುತ್ತಾ ಬ್ಯಾಂಡ್ ನಡೆಸುತ್ತಿದ್ದರು. ಜನ ಅವರನ್ನು ನೋಡಲು ಬಂದರು, ನಿಜ. ಹಿಂದಿನ ಸಾಲಿನಲ್ಲಿ ಕೂತ ಹೆಣ್ಣುಮಕ್ಕಳು ಮಾತ್ರ ಗಟ್ಟಿ ವಾದಕಿಯರು.

ನನಗೆ ಇನ್ನೂ ಮುಖ್ಯ ಅನಿಸೋದು 'ಇಂಟರ್‌ನ್ಯಾಷನಲ್ ಸ್ವೀಟ್‌ಹಾರ್ಟ್ಸ್ ಆಫ್ ರಿದಮ್'. ಮಿಸಿಸಿಪ್ಪಿಯ ಪೈನಿ ವುಡ್ಸ್ ಶಾಲೆಯಲ್ಲಿ ಹುಟ್ಟಿದ ತಂಡ. ಬೇರೆ ಬೇರೆ ಮೈಬಣ್ಣದ ಹೆಣ್ಣುಮಕ್ಕಳು ಒಟ್ಟಿಗೆ ನುಡಿಸಿದರು. ದಕ್ಷಿಣದಲ್ಲಿ ಪ್ರವಾಸ ಹೋದಾಗ ಪೊಲೀಸರ ಕಣ್ಣು ತಪ್ಪಿಸಲು ಬಿಳಿ ಹುಡುಗಿಯರು ಮುಖಕ್ಕೆ ಗಾಢ ಮೇಕಪ್ ಹಚ್ಚಿಕೊಳ್ಳುತ್ತಿದ್ದರು. 1940ರ ದಶಕದ ಮಧ್ಯದಲ್ಲಿ ಮಾಡಿದ ಅವರ ಕೆಲವು ಚಿತ್ರಗಳು ಉಳಿದಿವೆ. ವೈ ಬರ್ನ್‌ಸೈಡ್ ಅವರ ಸ್ಯಾಕ್ಸೋಫೋನ್ ಕೇಳಿ.

ಸೌಂಡೀಸ್ ಅಂದರೇನು? ಅವೂ ಇವೂ ಒಂದೇನಾ?

ಬೇರೆ, ಆದರೆ ದಾಯಾದಿಗಳು. ಹೋಟೆಲ್, ಬಾರ್, ಬಸ್ ನಿಲ್ದಾಣಗಳಲ್ಲಿ ಪ್ಯಾನೊರಾಮ್ ಅನ್ನುವ ದೊಡ್ಡ ಬೀರುವಿನಂಥ ಯಂತ್ರ ಇಡುತ್ತಿದ್ದರು. ಶಿಕಾಗೋದ ಮಿಲ್ಸ್ ನಾವೆಲ್ಟಿ ಕಂಪನಿ ತಯಾರಿಸಿದ್ದು. ಅದಕ್ಕೆ 10 ಸೆಂಟ್ ನಾಣ್ಯ ಹಾಕಿದರೆ ಮೂರು ನಿಮಿಷದ ಒಂದು ಹಾಡಿನ ಚಿತ್ರ. ಒಳಗೆ 16 ಎಂಎಂ ಫಿಲ್ಮಿನಲ್ಲಿ ಎಂಟು ಹಾಡುಗಳು ಸುತ್ತುತ್ತಾ ಇರುತ್ತಿದ್ದವು. ನಿಮಗೆ ಬೇಕಾದ್ದನ್ನು ಆರಿಸುವ ಹಾಗಿಲ್ಲ, ಮುಂದೆ ಯಾವುದಿದೆಯೋ ಅದೇ. ನಿಮ್ಮ ಇಷ್ಟದ ಹಾಡು ಏಳನೆಯದಾಗಿದ್ದರೆ ಏಳು ನಾಣ್ಯ ಹೋಗುತ್ತಿತ್ತು. 1940ರ ದಶಕದಲ್ಲಿ ಇಂಥ 1,800ಕ್ಕೂ ಹೆಚ್ಚು ಚಿತ್ರಗಳು ತಯಾರಾದವು.

ಚಿತ್ರಮಂದಿರದವರ ಹಂಗಿಲ್ಲದ ಕಾರಣ ಇಲ್ಲಿ ಕಪ್ಪು ಕಲಾವಿದರಿಗೆ ಜಾಗ ಜಾಸ್ತಿ ಸಿಕ್ಕಿತು. ಫ್ಯಾಟ್ಸ್ ವಾಲರ್ ಪಿಯಾನೋ ಮುಂದೆ ಹುಬ್ಬು ಕುಣಿಸುತ್ತಾ ಹಾಡುವುದನ್ನು ನಾವು ಸೌಂಡೀಸ್‌ನಲ್ಲಿ ನೋಡಬಹುದು. 1943ರ ಕೊನೆಗೆ ಅವರು ತೀರಿಕೊಂಡರು, 39 ವರ್ಷಕ್ಕೆ. ಡೊರೊಥಿ ಡ್ಯಾಂಡ್ರಿಜ್ ದೊಡ್ಡ ನಟಿಯಾಗುವ ಮೊದಲು ಇಲ್ಲಿ ಹಾಡಿ ಕುಣಿದರು. 1942ರ 'ಲೆಟ್ ಮಿ ಆಫ್ ಅಪ್‌ಟೌನ್' ಹಾಡಿನಲ್ಲಿ ಬಿಳಿ ಗಾಯಕಿ ಅನಿತಾ ಓಡೇ ಮತ್ತು ಕಪ್ಪು ಟ್ರಂಪೆಟ್ ವಾದಕ ರಾಯ್ ಎಲ್ಡ್ರಿಜ್ ಎದುರು ಬದುರು ನಿಂತು ಸ್ನೇಹಿತರ ಹಾಗೆ ಮಾತಾಡುತ್ತಾರೆ. ಆ ಕಾಲಕ್ಕೆ ಅದು ಸಣ್ಣ ಸಂಗತಿಯಲ್ಲ.

ಎಲಿಂಗ್ಟನ್ ಬ್ಯಾಂಡಿನ 1941ರ 'ಹಾಟ್ ಚಾಕೊಲೇಟ್' ಸಿಕ್ಕರೆ ಬಿಡಬೇಡಿ. ಹಾರ್ಲೆಮ್‌ನ ಸವಾಯ್ ಬಾಲ್‌ರೂಮಿನ ಲಿಂಡಿ ಹಾಪ್ ಎಂಬ ಜೋಡಿ ಕುಣಿತದ ತಂಡ ಅದರಲ್ಲಿ ಕುಣಿದಿದೆ. ಒಬ್ಬರನ್ನೊಬ್ಬರು ಹೆಗಲ ಮೇಲಿಂದ ಎಸೆದು, ನೆಲಕ್ಕೆ ಬಂದ ಪಾದ ಸರಿಯಾಗಿ ತಾಳಕ್ಕೇ ಬೀಳುತ್ತೆ. ಗಾಳಿಯಲ್ಲಿ ಎಸೆಯುವ ಈ ಪಟ್ಟುಗಳನ್ನು ಕಟ್ಟಿದ ಫ್ರ್ಯಾಂಕಿ ಮ್ಯಾನಿಂಗ್ ಅಲ್ಲೇ ಇದ್ದಾರೆ.

ಕೆಲವು ಸೌಂಡೀಸ್‌ನಲ್ಲಿ ಎಲ್ಲರೂ ಎಡಗೈಯಲ್ಲಿ ಗಿಟಾರ್ ನುಡಿಸುತ್ತಾರಲ್ಲ, ಯಾಕೆ?

ಪ್ಯಾನೊರಾಮ್ ಯಂತ್ರದೊಳಗೆ ಚಿತ್ರ ಕನ್ನಡಿಗಳ ಮೂಲಕ ಗಾಜಿನ ಪರದೆಗೆ ಬರುತ್ತಿತ್ತು. ಕನ್ನಡಿ ಎಡ-ಬಲ ಅದಲು ಬದಲು ಮಾಡುತ್ತೆ. ಅದಕ್ಕಾಗಿ ಪ್ರಿಂಟನ್ನೇ ಮೊದಲು ತಿರುಗಿಸಿ ಹಾಕುತ್ತಿದ್ದರು. ಆ ಪ್ರಿಂಟನ್ನು ಈಗ ಮಾಮೂಲಿ ರೀತಿಯಲ್ಲಿ ಹಾಕಿದರೆ ಎಲ್ಲವೂ ತಿರುಗುಮುರುಗು. ಡ್ರಮ್ ಮೇಲೆ ಬರೆದ ಅಕ್ಷರ ನೋಡಿದರೆ ಗೊತ್ತಾಗುತ್ತೆ.

ದನಿಗೂ ಕೈಗೂ ಹೊಂದಿಕೆ ಆಗದೆ ಇರೋದು ಯಾಕೆ?

ನಮ್ಮ ಸಿನಿಮಾ ಹಾಡಿನ ಹಾಗೆ. ಮೊದಲು ದನಿ ರೆಕಾರ್ಡ್, ಆಮೇಲೆ ಅದನ್ನು ಹಾಕಿಕೊಂಡು ಶೂಟಿಂಗ್. ಮೊದಲ ಕಾಲದ ವೈಟಾಫೋನ್ ಚಿತ್ರಗಳಲ್ಲಿ ಹೀಗಿರಲಿಲ್ಲ, ನುಡಿಸಿದ್ದೂ ತೆಗೆದದ್ದೂ ಒಂದೇ ಹೊತ್ತಿನಲ್ಲಿ. ಸೌಂಡೀಸ್‌ನಲ್ಲಿ ಒಮ್ಮೊಮ್ಮೆ ದನಿ ಕೊಟ್ಟವರೇ ಬೇರೆ, ತೆರೆಯ ಮೇಲೆ ವಾದ್ಯ ಹಿಡಿದವರೇ ಬೇರೆ. ಡ್ರಮ್ಮರ್‌ನ ಕೋಲು ನೋಡಿ, ಸುಳ್ಳು ಅಲ್ಲೇ ಮೊದಲು ಸಿಕ್ಕಿಬೀಳೋದು.

ನಿರ್ದೇಶಕರು ಯಾರು?

ಹೆಚ್ಚಿನವರು ಸ್ಟುಡಿಯೋದ ಸಂಬಳದ ಕೆಲಸಗಾರರು. ಕೆಲವರು ಮಾತ್ರ ಬೇರೆಯೇ ಥರದವರು. 'ಬ್ಲ್ಯಾಕ್ ಅಂಡ್ ಟ್ಯಾನ್' ಮಾಡಿದ ಡಡ್ಲಿ ಮರ್ಫಿ ಅದೇ ವರ್ಷ ಬೆಸ್ಸಿ ಸ್ಮಿತ್ ಅವರ 'ಸೇಂಟ್ ಲೂಯಿಸ್ ಬ್ಲೂಸ್' ಕೂಡ ಮಾಡಿದರು. ಬೆಸ್ಸಿ ತೆರೆಯ ಮೇಲೆ ಉಳಿದಿರುವುದು ಅದೊಂದರಲ್ಲೇ. 'ಸಿಂಫನಿ ಇನ್ ಬ್ಲ್ಯಾಕ್' ಮತ್ತು ಕ್ಯಾಬ್ ಕ್ಯಾಲೊವೇ ಅವರ 'ಹೈ-ಡಿ-ಹೋ' ಮಾಡಿದ ಫ್ರೆಡ್ ವಾಲರ್ ಹೊಸದನ್ನು ಕಂಡುಹಿಡಿಯುವ ಮನುಷ್ಯ. 1925ರಲ್ಲಿ ನೀರಿನ ಮೇಲೆ ಜಾರುವ ಸ್ಕೀಗೆ ಪೇಟೆಂಟ್ ಪಡೆದರು. ಮುಂದೆ 1952ರಲ್ಲಿ ಮೂರು ಪ್ರೊಜೆಕ್ಟರಿನ ಸಿನೆರಾಮಾ ತಂದವರೂ ಅವರೇ. 'ಜ್ಯಾಮಿನ್ ದ ಬ್ಲೂಸ್' ಮಾಡಿದ ಜಾನ್ ಮಿಲಿ ಮೂಲತಃ ಲೈಫ್ ಪತ್ರಿಕೆಯ ಫೋಟೋಗ್ರಾಫರ್.

ಇವು ನಿಂತುಹೋದದ್ದು ಹೇಗೆ?

ಒಂದೇ ಏಟಿಗೆ ಅಲ್ಲ. 1944ರಲ್ಲಿ ಕುಣಿತ ಇರುವ ಕ್ಲಬ್ಬುಗಳ ಮೇಲೆ ಸರ್ಕಾರ ಶೇಕಡ 30ರ ತೆರಿಗೆ ಹಾಕಿತು, ಕೆಲ ತಿಂಗಳಲ್ಲಿ ಅದು 20ಕ್ಕೆ ಇಳಿದರೂ ಪೆಟ್ಟು ಬಿದ್ದಾಗಿತ್ತು. ಹದಿನೈದು ಜನರಿಗೆ ಸಂಬಳ, ಬಸ್ಸು, ಊಟ ಯಾರು ಕೊಡೋದು? 1946ರ ಡಿಸೆಂಬರಿನ ಸುಮಾರಿಗೆ ವುಡಿ ಹರ್ಮನ್, ಹ್ಯಾರಿ ಜೇಮ್ಸ್, ಟಾಮಿ ಡಾರ್ಸಿ ಇವರೆಲ್ಲ ತಂಡ ಮುಚ್ಚಿದರು. ಕೆಲವರು ಮತ್ತೆ ಕಟ್ಟಿದರು, ಆದರೆ ಆ ಕಾಲ ಮುಗಿದಿತ್ತು. 1948ರ ಕೋರ್ಟ್ ತೀರ್ಪಿನಿಂದ ಸ್ಟುಡಿಯೋಗಳು ಥಿಯೇಟರ್‌ಗಳನ್ನು ಬಿಟ್ಟುಕೊಡಬೇಕಾಯಿತು. ಜೊತೆಗೆ ಮನೆಮನೆಗೆ ಟಿವಿ ಬಂತು. ವೆರೈಟಿ ಕಲಾವಿದರಲ್ಲಿ ಅದೃಷ್ಟ ಇದ್ದವರು ಟಿವಿಗೆ ಹೋದರು.

ಭಾರತಕ್ಕೂ ಇದಕ್ಕೂ ಏನಾದರೂ ನಂಟು ಇದೆಯಾ?

ಚಿತ್ರಗಳಿಗಿಂತ ಸಂಗೀತದ ನಂಟು ಗಟ್ಟಿ. 1935ರಲ್ಲಿ ಲಿಯಾನ್ ಆಬೆ ತಮ್ಮ ಕಪ್ಪು ಅಮೆರಿಕನ್ ತಂಡದೊಂದಿಗೆ ಮುಂಬೈಯ ತಾಜ್ ಹೋಟೆಲಿಗೆ ಬಂದರು. ಪಿಯಾನೋ ವಾದಕ ಟೆಡಿ ವೆದರ್‌ಫರ್ಡ್ ಕೋಲ್ಕತ್ತದಲ್ಲೇ ನೆಲೆಸಿ, 1945ರಲ್ಲಿ ಕಾಲರಾದಿಂದ ಅಲ್ಲೇ ತೀರಿಕೊಂಡರು. ಇವರನ್ನು ಕೇಳಿ ಬೆಳೆದ ಗೋವಾದ ವಾದಕರು ಮುಂಬೈಯ ಸಿನಿಮಾ ಸಂಗೀತಕ್ಕೆ ಬಂದರು. ಟ್ರಂಪೆಟ್ ವಾದಕ ಚಿಕ್ ಚಾಕಲೇಟ್ 1951ರ 'ಅಲ್ಬೇಲಾ' ಚಿತ್ರದಲ್ಲಿ ತಂಡದ ಜೊತೆ ತೆರೆಯ ಮೇಲೂ ಕಾಣಿಸಿಕೊಂಡರು. ಎಲಿಂಗ್ಟನ್ 1963ರಲ್ಲಿ ಭಾರತಕ್ಕೆ ಬಂದಿದ್ದರು.

ಈ ಚಿತ್ರಗಳು ಈಗ ಸಿಗುತ್ತವಾ? ಎಲ್ಲಿಂದ ಶುರು ಮಾಡಲಿ?

ಬಹಳಷ್ಟು ಸಿಗುತ್ತವೆ. ಹಲವನ್ನು ಯೂಟ್ಯೂಬಿನಲ್ಲೇ ನೋಡಬಹುದು. ವೈಟಾಫೋನ್ ಚಿತ್ರಗಳದ್ದು ಮಾತ್ರ ಕಷ್ಟದ ಕತೆ. ಎಷ್ಟೋ ಕಡೆ ಫಿಲ್ಮು ಉಳಿದು ಪ್ಲೇಟು ಕಳೆದಿತ್ತು, ಇಲ್ಲವೇ ಪ್ಲೇಟು ಉಳಿದು ಫಿಲ್ಮು ಕಳೆದಿತ್ತು. 1991ರಲ್ಲಿ ಹುಟ್ಟಿದ ವೈಟಾಫೋನ್ ಪ್ರಾಜೆಕ್ಟ್ ಎಂಬ ಆಸಕ್ತರ ಗುಂಪು ಜನರ ಮನೆ, ಅಟ್ಟ ಹುಡುಕಿ ಪ್ಲೇಟುಗಳನ್ನು ಪತ್ತೆ ಮಾಡಿ ಫಿಲ್ಮಿನ ಜೊತೆ ಸೇರಿಸುತ್ತಾ ಬಂದಿದೆ. ಅರವತ್ತು ವರ್ಷ ಮೂಕರಾಗಿದ್ದವರು ಮತ್ತೆ ಹಾಡಿದರು. ಸ್ಟುಡಿಯೋಗಳೇ ಬಿಟ್ಟಿದ್ದ ಕೆಲಸ ಇದು. ಅವರಿಗೆ ನಾನು ಕೈ ಮುಗಿಯುತ್ತೇನೆ.

ಮೊದಲು 'ಜ್ಯಾಮಿನ್ ದ ಬ್ಲೂಸ್' ನೋಡಿ. ಇದರಲ್ಲಿರುವುದು ಸಣ್ಣ ತಂಡ, ಆದರೆ ಲೆಸ್ಟರ್ ಯಂಗ್, ಹ್ಯಾರಿ ಎಡಿಸನ್, ಜೋ ಜೋನ್ಸ್ ಎಲ್ಲರೂ ಕೌಂಟ್ ಬೇಸಿ ಬಿಗ್ ಬ್ಯಾಂಡಿನವರು. ಕತ್ತಲಲ್ಲಿ ಒಂದರೊಳಗೊಂದು ಎರಡು ದುಂಡನೆಯ ಗೆರೆ ಕಾಣುತ್ತೆ, ಹೊಗೆ ಏಳುತ್ತೆ. ಏನಪ್ಪಾ ಇದು ಅಂದುಕೊಳ್ಳುವಾಗ ಆ ದುಂಡು ಮೆಲ್ಲಗೆ ಮೇಲೇಳುತ್ತೆ. ಅದು ಲೆಸ್ಟರ್ ಯಂಗ್ ಅವರ ಟೋಪಿ. ಆಮೇಲೆ 'ಬ್ಲ್ಯಾಕ್ ಅಂಡ್ ಟ್ಯಾನ್'. ಆಮೇಲೆ ನಿಮ್ಮಿಷ್ಟ.

ಮಕ್ಕಳಿಗೆ ತೋರಿಸಬಹುದಾ?

ಪಕ್ಕದಲ್ಲಿ ಕೂತು ತೋರಿಸಿ. ಆ ಕಾಲದ ವೇಷ, ಮಾತುಗಳ ಬಗ್ಗೆ ಕೇಳಿದರೆ ತಪ್ಪನ್ನು ತಪ್ಪು ಅಂತಲೇ ಹೇಳಿ. ನಾನು ಅಕ್ಕನ ಮಗಳಿಗೆ 'ಪೈ, ಪೈ ಬ್ಲ್ಯಾಕ್‌ಬರ್ಡ್' ತೋರಿಸಿದೆ. ಅದರಲ್ಲಿ ಇಡೀ ಬ್ಯಾಂಡ್ ಒಂದು ದೊಡ್ಡ ಕಡುಬಿನಂಥ ತಿಂಡಿಯೊಳಗೆ ಕೂತು ನುಡಿಸುತ್ತೆ. ಕೊನೆಗೆ ಸಂಗೀತದ ಕಾವಿಗೆ ಎಲ್ಲರೂ ಅಸ್ಥಿಪಂಜರಗಳಾಗಿಬಿಡುತ್ತಾರೆ. ಅವಳು ಅಸ್ಥಿಪಂಜರಕ್ಕೆ ನಕ್ಕಳು, ಆದರೆ ವಾಪಸ್ ಹಾಕಿಸಿಕೊಂಡದ್ದು ಹೆರಾಲ್ಡ್‌ನ ಕುಣಿತವನ್ನು. ಈ ಹುಡುಗನಿಗೆ ಎಷ್ಟು ವರ್ಷ ಮಾಮಾ ಅಂತ ಕೇಳಿದಳು. ಹನ್ನೊಂದು, ನಿನ್ನಷ್ಟೇ ಅಂದೆ. ಮಾರನೇ ದಿನ ಹಳೆಯ ಸ್ಕೂಲ್ ಶೂ ಅಡಿಗೆ ಸೋಡಾ ಬಾಟಲಿ ಮುಚ್ಚಳ ಅಂಟಿಸಿಕೊಂಡು ಹಾಲಿನಲ್ಲಿ ಶುರು ಮಾಡಿದಳು. ಅರ್ಧ ಗಂಟೆಗೆಲ್ಲ ಕೆಳಗಿನ ಮನೆಯ ಅಜ್ಜಿ ಏನಾಗ್ತಿದೆ ಅಂತ ಮೇಲೆ ಹತ್ತಿ ಬಂದರು. ಅವರನ್ನೂ ಕೂರಿಸಿ ಚಿತ್ರ ಹಾಕಿದೆವು.